ಮೇಣದ ಹೂವಿನ ತೊಟ್ಟು

ಆ ಬಳ್ಳಿ ನಮ್ಮ ಮನೆಗೆ ಬಂದದ್ದು ಕಳ್ಳಮಾಲಾಗಿ. ಕದ್ದವನು ನನ್ನ ಅಣ್ಣ. ಮಂಡ್ಯದಲ್ಲಿ ಸಕ್ಕರೆ ಕಾರ್ಖಾನೆಯ ಯಂತ್ರಗಳನ್ನು ನೋಡಿಕೊಳ್ಳಲು ಸೀಮೆಯಿಂದ ಬಂದಿದ್ದ ಒಬ್ಬ ದೊರೆಯ ಬಂಗಲೆಯಲ್ಲಿ ಅವನು ತೋಟದ ಕೆಲಸಕ್ಕಿದ್ದ. ಅಲ್ಲಿಯ ದೊರಸಾನಿ ಜಗಲಿಯ ಕಂಬಕ್ಕೆ ಒಂದು ಬಳ್ಳಿ ಹಬ್ಬಿಸಿದ್ದಳು. ಅದನ್ನು ಬೇರೆ ಯಾರೂ ಮುಟ್ಟುವಂತಿರಲಿಲ್ಲ, ನೀರು ಕೂಡ ಅವಳೇ ಹಾಕುತ್ತಿದ್ದಳು. ಮುಟ್ಟಬೇಡ ಎಂದದ್ದನ್ನು ಮುಟ್ಟದೆ ಬಿಟ್ಟರೆ ಅವನು ನಮ್ಮಣ್ಣನೇ ಅಲ್ಲ. ಶಿವಪುರದಲ್ಲಿ ಕಾಂಗ್ರೆಸ್ಸಿನವರು ಬಾವುಟ ಹಾರಿಸಿದ ವರ್ಷ, ಮದ್ದೂರಿನ ಕಡೆಯಿಂದ ಬಂದವರೆಲ್ಲ ಅದೇ ಸುದ್ದಿ ಹೇಳುತ್ತಿದ್ದ ದಿನಗಳಲ್ಲಿ, ಒಂದು ಮಧ್ಯಾಹ್ನ ಅವನು ತಲೆಯ ವಸ್ತ್ರದೊಳಗೆ ಗೇಣುದ್ದದ ಕಡ್ಡಿಯೊಂದನ್ನು ಸುತ್ತಿಕೊಂಡು ಮನೆಗೆ ಬಂದ.

"ಏನ್ಲಾ ಅದು?" ಎಂದಳು ಅವ್ವ.

"ಬಳ್ಳಿ ಕಣವ್ವ. ಸಮುದ್ರದ ಮಧ್ಯದಲ್ಲಿ ನಡುಗಡ್ಡೆ ಅದಂತೆ. ಅಲ್ಲಿ ಕಾಡಲ್ಲಿ ಮರದ ಮ್ಯಾಲೆ ಬೆಳೀತದಂತೆ. ದೊರಸಾನಿ ಯೋಳ್ದ್ಲು."

"ಸಮುದ್ರದ ಮಧ್ಯದ್ದು ನಮ್ಮ ಹಿತ್ಲಲ್ಲಿ ಬದುಕ್ತದಾ?"

"ಬದುಕ್ದೆ ಏನು? ಈ ಸೊಳ್ಳೆ ಊರಲ್ಲಿ ನಾವೇ ಬದುಕಿಲ್ವಾ?"

ನಾಲೆ ಬಂದ ಮೇಲೆ ನಮ್ಮ ಕಡೆ ಭತ್ತ, ಕಬ್ಬು ಎಷ್ಟು ಬೆಳೆಯಿತೋ ಚಳಿಜ್ವರವೂ ಅಷ್ಟೇ ಬೆಳೆದಿತ್ತು. ಅದಕ್ಕೆ ಅವನು ಹಾಗೆ ಹೇಳಿದ್ದು. ಒಡೆದ ಗುಡಾಣವೊಂದಕ್ಕೆ ಮರಳು, ಗೊಬ್ಬರ ತುಂಬಿ ಕಡ್ಡಿ ನೆಟ್ಟು, ಹಿತ್ತಲ ಬಾಗಿಲ ಪಕ್ಕದ ಗೋಡೆಗೆ ಹಗ್ಗ ಕಟ್ಟಿದ. ಎಲೆಗಳು ದಪ್ಪ, ನಯ, ಉಗುರು ಒತ್ತಿದರೆ ಬಿಳಿ ಹಾಲು. ಒಂದು ವರ್ಷ ಸುಮ್ಮನೆ ಕೂತಿತ್ತು. ಆಮೇಲೆ ಹಗ್ಗ ಹಿಡಿದು ಹತ್ತಿತು.

ಅಷ್ಟರಲ್ಲಿ ಅಣ್ಣನ ಮದುವೆಯಾಯಿತು. ಅತ್ತಿಗೆ ಕೊತ್ತತ್ತಿಯವಳು. ನನಗಿಂತ ಐದೇ ವರ್ಷಕ್ಕೆ ದೊಡ್ಡವಳು. ತೆಳ್ಳಗೆ, ಉದ್ದಕ್ಕೆ, ನಕ್ಕರೆ ಬಾಯಿಗೆ ಕೈ ಅಡ್ಡ ಹಿಡಿಯುವವಳು. ನನ್ನ ತಲೆ ಬಾಚಿ ಜಡೆ ಹಾಕುವುದು, ಅವ್ವ ಬೈಯುವಾಗ ನನ್ನನ್ನು ಬೆನ್ನ ಹಿಂದೆ ಬಚ್ಚಿಟ್ಟುಕೊಳ್ಳುವುದು, ಎಲ್ಲ ಅವಳೇ. ನಾನು ಹೇಳಬೇಕೆಂದಿರುವುದು ನಿಜವಾಗಿ ಬಳ್ಳಿಯ ಕಥೆಯಲ್ಲ, ಈ ಅತ್ತಿಗೆಯ ಕೈಬಳೆಯ ಕಥೆ. ಆದರೆ ಬಳ್ಳಿಯನ್ನು ಬಿಟ್ಟು ಅದನ್ನು ಹೇಳಲು ನನಗೆ ಬರುವುದಿಲ್ಲ.

ಮದುವೆಯಾದ ಮರುವರ್ಷ ಬೇಸಿಗೆಯ ಕೊನೆಗೆ ಬಳ್ಳಿ ಮೊದಲ ಸಲ ಹೂ ಬಿಟ್ಟಿತು. ಗೊಂಚಲು ಅಂದರೆ ಗೊಂಚಲು. ಒಂದೊಂದರಲ್ಲೂ ಇಪ್ಪತ್ತು ಇಪ್ಪತ್ತೈದು ಪುಟ್ಟ ನಕ್ಷತ್ರಗಳು, ತಿಳಿ ಗುಲಾಬಿ, ನಡುವೆ ಒಂದು ಕೆಂಪು ಬೊಟ್ಟು. ಯಾರೋ ಮೇಣದಲ್ಲಿ ಮಾಡಿ ಅಂಟಿಸಿದಂತಿತ್ತು. ಸಂಜೆಯಾದರೆ ಜೇನಿನ ಹನಿ ಕಟ್ಟಿ, ವಾಸನೆ ಹಿತ್ತಲಿಂದ ನಡುಮನೆಗೆ ಬರುತ್ತಿತ್ತು. ಪಕ್ಕದ ಮನೆಯ ಬೂಬಮ್ಮ ಗೋಡೆಯಾಚೆಯಿಂದ ಇಣುಕಿ, "ಯಾ ಅಲ್ಲಾ, ಇದು ಹೂವೋ ಮಿಠಾಯಿಯೋ?" ಎಂದಿದ್ದಳು. ಅವಳ ಗಂಡ ಕಾರ್ಖಾನೆಯಲ್ಲಿ ಫಿಟ್ಟರು. ಅವಳು ಮನೆಮನೆಗೆ ಹೋಗಿ ಬಳೆ ತೊಡಿಸುತ್ತಿದ್ದಳು.

ಅತ್ತಿಗೆ ಆ ಹೂಗಳನ್ನು ಗೊಂಚಲು ಸಮೇತ ಕೀಳುತ್ತಲೇ ಇರಲಿಲ್ಲ. ಒಂದೊಂದೇ ಹೂ ಬಿಡಿಸಿ ಬಟ್ಟಲಿಗೆ ಹಾಕಿಕೊಂಡು ದೇವರ ಮುಂದೆ ಇಡುತ್ತಿದ್ದಳು. "ತೊಟ್ಟು ಸಮೇತ ಕುಯ್ದ್ರೆ ಏನ್ ರೋಗ ನಿಂಗೆ? ಮುಡ್ಕೊಳಾಕಾದ್ರೂ ಆಯ್ತದೆ" ಎಂದು ಅವ್ವ ರೇಗಿದರೆ ನಕ್ಕು ಸುಮ್ಮನಾಗುತ್ತಿದ್ದಳು. ನಾವು ಅದನ್ನು ಹೊಸ ಸೊಸೆಯ ನಾಜೂಕು ಎಂದುಕೊಂಡೆವು.

ಅದೇ ವರ್ಷ ಅಣ್ಣ ಪಟಾಲಮ್ಮಿಗೆ ಸೇರಿದ. ಯುದ್ಧ ಶುರುವಾಗಿತ್ತು, ದೊರೆ ಬಂಗಲೆ ಖಾಲಿ ಮಾಡಿದ್ದ. ಅಪ್ಪ ಬೇಡವೆಂದ. ಕಬ್ಬಿನ ಗಾಡಿಗಳನ್ನು ಸಾಲಿಗೆ ನಿಲ್ಲಿಸುವ ತನ್ನ ಕೆಲಸವನ್ನೇ ಮಗನಿಗೂ ಕೊಡಿಸುತ್ತೇನೆಂದ. ಅಣ್ಣ ಕೇಳಲಿಲ್ಲ. ಮೊದಲು ಬೆಂಗಳೂರು, ಆಮೇಲೆ ಹಡಗು. ಮಲಯದಿಂದ ಅವನ ಕಾಗದಗಳು ಬರುತ್ತಿದ್ದವು. ಮಿಡ್ಲ್ ಸ್ಕೂಲು ಓದಿದವಳು ಮನೆಯಲ್ಲಿ ನಾನೊಬ್ಬಳೇ, ಓದಿ ಹೇಳುವುದು ನನ್ನ ಕೆಲಸ. ಒಂದು ಕಾಗದದಲ್ಲಿ ಹೀಗೆ ಬರೆದಿದ್ದ: 'ಇಲ್ಲಿ ಮಳೆ ನಿಲ್ಲುವುದಿಲ್ಲ. ಮರದ ಮೇಲೆಲ್ಲ ಬಳ್ಳಿ ಹಬ್ಬಿವೆ. ನಮ್ಮ ಬಳ್ಳಿಯ ತವರಿನ ಕಡೆಗೇ ಬಂದು ಬಿದ್ದಿದ್ದೇನೆ.' ಅವ್ವ ಆ ಸಾಲನ್ನು ನನ್ನಿಂದ ಮೂರು ಸಲ ಓದಿಸಿದಳು.

ಸಿಂಗಪುರ ಬಿತ್ತು ಎಂಬ ಸುದ್ದಿಯನ್ನು ಅಪ್ಪ ಕಾರ್ಖಾನೆಯಿಂದ ತಂದ. ಬಿತ್ತು ಅಂದರೇನು ಎಂದು ಅವ್ವ ಕೇಳಿದಳು. ಜಪಾನಿನವರು ಹಿಡಿದುಕೊಂಡರಂತೆ ಎಂದ ಅಪ್ಪ. ಆಮೇಲೆ ಕಾಗದ ಬರಲಿಲ್ಲ. ಯಾರನ್ನು ಕೇಳಿದರೂ, ಬರೆದು ಕಳಿಸಿದರೂ, ಗೊತ್ತಿಲ್ಲ ಎಂಬ ಒಂದೇ ಉತ್ತರ. ಆ ವರ್ಷ ಬಳ್ಳಿ ಮಾತ್ರ ತನ್ನ ಪಾಡಿಗೆ ತಾನು ಹೂ ಬಿಟ್ಟಿತು, ಹಿಂದಿನ ವರ್ಷಗಳಿಗಿಂತ ಹೆಚ್ಚಾಗಿ. ಅವ್ವ ಅದರ ಮುಂದೆ ಕೂತು ಹೂವಿನ ಜೊತೆ ಮಾತಾಡುತ್ತಿದ್ದಳು. ನನಗೆ ಭಯವಾಗುತ್ತಿತ್ತು.

ಚಳಿಗಾಲ ಶುರುವಾದಾಗ ಅವ್ವ ವೈದ್ಯನಾಥಪುರಕ್ಕೆ ಹೋಗಿ ದೇವರಲ್ಲಿ ಹೂ ಕೇಳಿಸಿದಳು. ನಮ್ಮಲ್ಲಿ ಏನೇ ದೊಡ್ಡ ವಿಷಯವಿರಲಿ, ಹೆಣ್ಣು ಕೊಡುವುದೋ ತರುವುದೋ, ಕಾಯಿಲೆ ವಾಸಿಯಾಗುತ್ತದೋ ಇಲ್ಲವೋ, ದೇವರ ಎರಡು ಪಕ್ಕಕ್ಕೂ ಹೂ ಮೆತ್ತಿಸಿ ಕಾಯುತ್ತಾರೆ. ಬಲಗಡೆಯದು ಬಿದ್ದರೆ ಒಳ್ಳೆಯದು, ಎಡಗಡೆಯದು ಬಿದ್ದರೆ ಇಲ್ಲ. ಅವತ್ತು ಮಧ್ಯಾಹ್ನದವರೆಗೆ ಕಾದರೂ ಯಾವ ಹೂವೂ ಬೀಳಲಿಲ್ಲವಂತೆ. ಅವ್ವ ಬರಿಗೈಯಲ್ಲಿ ವಾಪಸು ಬಂದು, ಕಾಲು ಕೂಡ ತೊಳೆಯದೆ ಸೀದಾ ಹಿತ್ತಲಿಗೆ ಹೋದಳು. ನಾನೂ ಅತ್ತಿಗೆಯೂ ಅಲ್ಲೇ ರಾಗಿ ಕೇರುತ್ತಿದ್ದೆವು.

"ದೇವ್ರು ಬಾಯ್ ಬುಡ್ಲಿಲ್ಲ" ಎಂದಳು. "ಇನ್ನು ಇದೇ ಯೋಳ್ಬೇಕು. ಅವನು ನೆಟ್ಟ ಬಳ್ಳಿ ಇದು, ಅವನಿರೋ ದಿಕ್ಕಿಂದ ಬಂದಿದ್ದು. ಬರೋ ವರ್ಸ ಇದು ಹೂ ಬುಟ್ರೆ ನನ್ ಮಗ ಅವ್ನೆ. ಬುಡದಿದ್ರೆ ಪಿತೃಪಕ್ಷದಲ್ಲಿ ಅವನ್ಗೂ ಒಂದು ಎಡೆ ಇಡ್ತೀನಿ."

ಎಡೆ ಇಡುವುದೆಂದರೆ ಸತ್ತ ಹಿರಿಯರ ಸಾಲಿಗೆ ಸೇರಿಸುವುದು. ಅಲ್ಲಿಗೆ ಅತ್ತಿಗೆಯ ಕುಂಕುಮ, ಬಳೆ, ತಾಳಿ ಎಲ್ಲ ಮುಗಿದಂತೆ. ಅವಳಿಗೆ ಆಗ ಇಪ್ಪತ್ತು. ಮೊರ ಹಿಡಿದ ಅವಳ ಕೈ ಒಂದು ಗಳಿಗೆ ನಿಂತು ಮತ್ತೆ ಕೇರತೊಡಗಿತು.

ಆ ಮಾತು ನನ್ನ ತಲೆಯಲ್ಲಿ ಹುಳ ಹೊಕ್ಕಂತಾಯಿತು. ಬಳ್ಳಿ ಹೂ ಬಿಡಲೇಬೇಕು. ಬಿಟ್ಟರೆ ಅಣ್ಣ ಇದ್ದಾನೆ, ಅತ್ತಿಗೆಯ ಬಳೆ ಉಳಿಯುತ್ತದೆ. ಅದಕ್ಕೆ ನಾನೇನು ಮಾಡಬಲ್ಲೆ? ನನಗೆ ಹದಿನೈದು ವರ್ಷ, ಹೂವಿನ ಗಿಡದ ವಿಷಯ ನನಗೆ ಎಲ್ಲ ಗೊತ್ತು ಎಂಬ ಜಂಬ. ಯಾಕೆಂದರೆ ನಮ್ಮ ಹಿತ್ತಲಿನ ದುಂಡುಮಲ್ಲಿಗೆಯ ಚಾಕರಿ ನನ್ನದೇ ಆಗಿತ್ತು. ಪುಷ್ಯ ಮಾಸ ಬಂತೆಂದರೆ ಮಲ್ಲಿಗೆ ಗಿಡದ ಎಲೆಯನ್ನೆಲ್ಲ ಸವರಿ, ತುದಿಗಳನ್ನು, ಹಳೆಯ ಮೋಟುಗಳನ್ನು ನಿರ್ದಾಕ್ಷಿಣ್ಯವಾಗಿ ಕತ್ತರಿಸಿ, ಬುಡ ಬಿಡಿಸಿ ಗೊಬ್ಬರ ಹಾಕಬೇಕು. ಆಗ ಬೇಸಿಗೆಗೆ ಗಿಡ ಬಿಳಿಯಾಗುವಷ್ಟು ಮೊಗ್ಗು ಬರುತ್ತದೆ. 'ಕುಯ್ಯದ ಗಿಡ ಹೂ ಬುಡದು' ಎನ್ನುವುದು ಅವ್ವನ ಬಾಯಲ್ಲಿ ದಿನಕ್ಕೊಮ್ಮೆ ಬರುವ ಮಾತು.

ಪುಷ್ಯದಲ್ಲಿ ಒಂದು ಬೆಳಿಗ್ಗೆ ಅವ್ವ ಸಂತೆಗೆ ಹೋಗಿದ್ದಳು. ಅಪ್ಪ ಕೆಲಸಕ್ಕೆ ಹೋಗಿದ್ದ. ಅತ್ತಿಗೆ ಕೊಟ್ಟಿಗೆಯಲ್ಲಿ ಸಗಣಿ ಬಾಚುತ್ತಿದ್ದಳು. ನಾನು ಕುಡುಗೋಲು ತಂದು ಮೊದಲು ಮಲ್ಲಿಗೆ ಸವರಿದೆ. ಆಮೇಲೆ ಮೇಣದ ಬಳ್ಳಿಯ ಮುಂದೆ ನಿಂತೆ. ಅದರ ತುಂಬ ಹೂ ಉದುರಿಹೋದ ಹಳೆಯ ತೊಟ್ಟುಗಳು, ಕಿರುಬೆರಳಿನ ಅರ್ಧದಷ್ಟು ಉದ್ದ, ಒಣಗಿದಂತೆ ಕಾಣುವ ಮೋಟುಗಳು. ಅವನ್ನೆಲ್ಲ ಒಂದೂ ಬಿಡದಂತೆ ಕುಯ್ದೆ. ತುದಿಗಳನ್ನೂ ಕುಯ್ದೆ. ಕುಯ್ದಲ್ಲೆಲ್ಲ ಹಾಲು ಒಸರಿ ಕೈಗೆ, ಲಂಗಕ್ಕೆ ಅಂಟಿತು. ಮಲ್ಲಿಗೆಯಲ್ಲಿ ಹೀಗೆ ಹಾಲು ಬರುವುದಿಲ್ಲವಲ್ಲ ಎಂದು ಒಂದು ಕ್ಷಣ ಅಳುಕಾಯಿತು. ಆದರೂ ಬಿಡಲಿಲ್ಲ, ಯಾಕೆಂದರೆ ನಾನು ಅಣ್ಣನನ್ನು ಬದುಕಿಸುತ್ತಿದ್ದೆ. ಬುಡಕ್ಕೆ ಗೊಬ್ಬರ ಹಾಕಿ, ಕತ್ತರಿಸಿದ್ದನ್ನೆಲ್ಲ ಗುಡಿಸಿ ತಿಪ್ಪೆಗೆ ಎಸೆದು ಬಂದೆ. ಸಂಜೆ ಅವ್ವ ಬಂದಾಗ ಮಲ್ಲಿಗೆ ನೋಡಿ "ಚೆನ್ನಾಗ್ ಸವರಿದ್ದೀಯ ಕಣೆ" ಎಂದಳು. ಬಳ್ಳಿಯನ್ನು ಗಮನಿಸಲಿಲ್ಲ. ಎಲೆ ದಟ್ಟವಾಗಿದ್ದ ಕೆಳಭಾಗ ಹಾಗೇ ಇತ್ತು. ನಾನು ಹೇಳಲಿಲ್ಲ. ಮೊಗ್ಗು ಬಂದ ಮೇಲೆ ಹೇಳಿ ಎಲ್ಲರಿಂದ ಹೊಗಳಿಸಿಕೊಳ್ಳುವ ಆಸೆ.

ಆ ಬೇಸಿಗೆ ಮಲ್ಲಿಗೆ ಸುರಿಯಿತು. ಮೇಣದ ಬಳ್ಳಿ ಒಂದು ಮೊಗ್ಗೂ ಬಿಡಲಿಲ್ಲ.

ಅವ್ವ ದಿನವೂ ಬೆಳಿಗ್ಗೆ ಎದ್ದ ಕೂಡಲೇ ಎಲೆಗಳನ್ನು ಸರಿಸಿ ಸರಿಸಿ ನೋಡುತ್ತಿದ್ದಳು. ವೈಶಾಖ ಹೋಯಿತು, ಜ್ಯೇಷ್ಠ ಹೋಯಿತು. ಹೊಸ ಎಲೆ ಬಂತು, ಹಗ್ಗದ ತುದಿ ದಾಟಿ ಹೆಂಚಿನವರೆಗೂ ಬಳ್ಳಿ ಹೋಯಿತು. ಹೂ ಮಾತ್ರ ಇಲ್ಲ. ಆದರೆ ಸಂಜೆಯಾದರೆ ಅವ್ವ ಒಮ್ಮೆಲೇ ತಲೆ ಎತ್ತಿ, "ವಾಸ್ನೆ ಬತ್ತಾ ಅದೆ, ಬತ್ತಿಲ್ವಾ?" ಎನ್ನುತ್ತಿದ್ದಳು. ಅಪ್ಪ ಇಲ್ಲ ಎನ್ನುತ್ತಿದ್ದ. ನಾನು ಇಲ್ಲ ಎನ್ನುತ್ತಿದ್ದೆ. ನಿಜವಾಗಿ ನನಗೆ ಬರುತ್ತಿತ್ತು. ಹೂವಿಲ್ಲದ ಬಳ್ಳಿಯಿಂದ ಹಿತ್ತಲ ಬಾಗಿಲು ದಾಟಿ, ಅಣ್ಣ ಕೂತು ಊಟ ಮಾಡುತ್ತಿದ್ದ ಜಾಗಕ್ಕೆ ಬಂದು ನಿಲ್ಲುತ್ತಿತ್ತು. ನಾನು ಎದ್ದು ಬಾಗಿಲು ಹಾಕಿಬರುತ್ತಿದ್ದೆ. ಬಾಗಿಲು ಹಾಕಿದ ಮೇಲೂ ಅದು ಒಳಗೇ ಇರುತ್ತಿತ್ತು.

ನನಗೆ ಗೊತ್ತಿತ್ತೇ? ಇಷ್ಟು ವರ್ಷ ಇದೇ ಪ್ರಶ್ನೆಯನ್ನು ತಿರುವಿ ಮುರುವಿ ಕೇಳಿಕೊಂಡಿದ್ದೇನೆ. ಖಂಡಿತ ಗೊತ್ತಿತ್ತು ಎನ್ನಲಾರೆ. ಆದರೆ ಅನುಮಾನವಿತ್ತು. ಹಿಂದಿನ ಮೂರು ವರ್ಷ ಹೂ ಬಿಟ್ಟ ಬಳ್ಳಿ, ನಾನು ಕುಯ್ದ ವರ್ಷ ಬಿಡಲಿಲ್ಲ. ಇದನ್ನು ಕೂಡಿಸಲು ಮಿಡ್ಲ್ ಸ್ಕೂಲಿನ ಲೆಕ್ಕ ಬೇಕಾಗಿರಲಿಲ್ಲ. ಆದರೆ 'ಕುಯ್ಯದ ಗಿಡ ಹೂ ಬುಡದು' ಎಂಬ ಮಾತನ್ನು ನಾನು ಗಟ್ಟಿಯಾಗಿ ಹಿಡಿದುಕೊಂಡೆ. ಕುಯ್ದದ್ದರಿಂದ ಹೂ ಬರದಿರಲು ಹೇಗೆ ಸಾಧ್ಯ? ಹಾಗಾದರೆ ಅಣ್ಣ ನಿಜವಾಗಿ ಸತ್ತಿರಬೇಕು. ನನ್ನ ತಪ್ಪಿಗಿಂತ ಅಣ್ಣನ ಸಾವೇ ನನಗೆ ಹಗುರವಾಗಿ ಕಂಡಿತಲ್ಲ ಎಂದು ನೆನೆದರೆ ಈಗಲೂ ನನ್ನ ಮೇಲೆ ನನಗೆ ಅಸಹ್ಯವಾಗುತ್ತದೆ.

ಪಿತೃಪಕ್ಷದ ಅಮಾವಾಸ್ಯೆಯ ದಿನ ಅವ್ವ ನಡುಮನೆಯಲ್ಲಿ ಹಿರಿಯರಿಗೆಲ್ಲ ಎಡೆ ಹಾಕಿದಳು. ತಾತನಿಗೆ ಪಂಚೆ, ಅಜ್ಜಿಗೆ ಸೀರೆ. ಕೊನೆಯಲ್ಲಿ ಇನ್ನೊಂದು ಎಲೆ ಹಾಕಿ ಅಣ್ಣನ ನೀಲಿ ಗೀಟಿನ ಅಂಗಿಯನ್ನು ಮಡಿಸಿ ಇಟ್ಟಳು. ಅಪ್ಪ ಎದ್ದು ಹೊರಗೆ ಹೋದ. ಅತ್ತಿಗೆಯೇ ಎಲ್ಲ ಅಡುಗೆ ಮಾಡಿದ್ದಳು. ಆ ಎಲೆಗೆ ಅವಳೇ ಬಡಿಸಿದಳು. ಅಣ್ಣನಿಗೆ ಇಷ್ಟವಾದ ಅವರೆಕಾಳಿನ ಹುಳಿಯನ್ನು ಸ್ವಲ್ಪ ಹೆಚ್ಚಾಗಿ ಬಡಿಸಿದಳು. ಬಡಿಸಿ ನನ್ನ ಮುಖ ನೋಡಿದಳು. ನಾನು ತಲೆ ತಗ್ಗಿಸಿದೆ.

ಮರುದಿನ ಬೆಳಿಗ್ಗೆ ಹಿತ್ತಲಲ್ಲಿ, ಬಟ್ಟೆ ಒಗೆಯುವ ಕಲ್ಲಿನ ಹತ್ತಿರ, ಅವ್ವ ಅವಳ ಎರಡೂ ಕೈ ಹಿಡಿದು ಕಲ್ಲಿನ ಅಂಚಿಗೆ ಬಡಿದಳು. ಹಸಿರು ಬಳೆ. ಗೌರಿ ಹಬ್ಬಕ್ಕೆಂದು ಬೂಬಮ್ಮ ತೊಡಿಸಿ ತಿಂಗಳೂ ಆಗಿರಲಿಲ್ಲ. ಶಬ್ದ ಕೇಳಿ ಬೂಬಮ್ಮ ಗೋಡೆಯಾಚೆಯಿಂದ ತಲೆ ಹಾಕಿ, ನೋಡಿ, ಕಿರುಚಿದಳು.

"ಮಯ್ಯತ್ ನೋಡ್ಲಿಲ್ಲ, ಮಣ್ಣು ಮಾಡ್ಲಿಲ್ಲ, ಒಂದು ಕಾಗ್ದ ಬರ್ಲಿಲ್ಲ. ಯಂಗಮ್ಮ ಬಳೆ ಒಡೀತೀರಾ? ಯಾರ್ ಯೋಳಿದ್ರು ನಿಮ್ಗೆ ಅವ್ನು ಸತ್ತ ಅಂತ?"

"ಬಳ್ಳಿ ಯೋಳ್ತು" ಎಂದಳು ಅವ್ವ.

ಬೂಬಮ್ಮ ಬಳ್ಳಿಯನ್ನು ನೋಡಿದಳು, ಅವ್ವನನ್ನು ನೋಡಿದಳು, ತಲೆಯನ್ನು ಒಳಗೆಳೆದುಕೊಂಡಳು. ಆಮೇಲೆ ಎಷ್ಟೋ ತಿಂಗಳು ನಮ್ಮ ಮನೆಗೆ ಬಳೆ ತೊಡಿಸಲು ಅವಳು ಬರಲಿಲ್ಲ. ಅತ್ತಿಗೆ ಮಾತ್ರ ಅಳಲಿಲ್ಲ. ಗಾಜಿನ ಚೂರುಗಳನ್ನು ಅವಳೇ ಆರಿಸಿದಳು, ದನದ ಕಾಲಿಗೆ ಚುಚ್ಚೀತೆಂದು.

ಆ ದಿನದಿಂದ ಮನೆಯಲ್ಲಿ ಅವಳು ಇದ್ದೂ ಇಲ್ಲದವಳಾದಳು. ಅಪ್ಪ ಕೆಲಸಕ್ಕೆ ಹೊರಡುವಾಗ ಎದುರಿಗೆ ಬರಬಾರದೆಂದು ಗೋಡೆಗೆ ಒತ್ತಿಕೊಂಡು ನಡೆಯುವಳು. ಬಳೆಯಿಲ್ಲದ ಕೈಯಾದ್ದರಿಂದ ಅವಳು ಬಂದದ್ದೂ ಹೋದದ್ದೂ ತಿಳಿಯುತ್ತಿರಲಿಲ್ಲ. ತಿರುಗಿ ನೋಡಿದರೆ ಹಿಂದೆ ನಿಂತಿರುವಳು. ನಾನು ಬೆಚ್ಚಿಬೀಳುತ್ತಿದ್ದೆ. ಅವಳು ಏನೋ ಕೇಳಿಸಿಕೊಳ್ಳಲು ಬಂದವಳ ಹಾಗೆ ಸ್ವಲ್ಪ ಹೊತ್ತು ನಿಂತು ಹೋಗುತ್ತಿದ್ದಳು.

ಸಾವಾದ ಮನೆಯಲ್ಲಿ ವರ್ಷದೊಳಗೆ ಒಂದು ಶುಭಕಾರ್ಯ ಆಗಬೇಕೆಂದು ನನಗೆ ಗಂಡು ನೋಡಿದರು. ಮಳವಳ್ಳಿಯವರು, ಜಮೀನುದಾರರು, ಒಳ್ಳೆಯ ಮನೆ. ಚಪ್ಪರದ ದಿನ ಐದು ಜನ ಮುತ್ತೈದೆಯರು ನನಗೆ ಅರಿಶಿನ ಹಚ್ಚಿದರು. ಮೊದಲು ಹಚ್ಚಬೇಕಾದವಳು ಅತ್ತಿಗೆ. ಅವಳು ಹಿತ್ತಲಲ್ಲಿ ಒರಳಿನ ಮುಂದೆ ನಿಂತು ಅದೇ ಅರಿಶಿನ ಕುಟ್ಟುತ್ತಿದ್ದಳು. ಒನಕೆಯ ಸದ್ದು ಚಪ್ಪರಕ್ಕೆ ಕೇಳಿಸುತ್ತಿತ್ತು. ನಡುವೆ ನಾನು ನೀರು ಕುಡಿಯುವ ನೆಪದಲ್ಲಿ ಎದ್ದು ಹಿತ್ತಲ ಬಾಗಿಲವರೆಗೆ ಹೋದೆ. ಅವಳು ಕುಟ್ಟುವುದನ್ನು ನಿಲ್ಲಿಸಿ ನನ್ನ ಕಡೆ ತಿರುಗಿದಳು. ಮುಖದ ಮೇಲೆಲ್ಲ ಅರಿಶಿನದ ಪುಡಿ.

"ಏನಮ್ಮಿ?" ಎಂದಳು. "ಏನಾರ ಯೋಳ್ಬೇಕಾ?"

ಹೇಳಬೇಕಾದದ್ದು ಚಿಕ್ಕದು. ಬಳ್ಳಿ ಹೇಳಿದ್ದು ಸುಳ್ಳಿರಬಹುದು ಅತ್ತಿಗೆ, ಅದರ ಮೈಯನ್ನು ನಾನೇ ಕುಯ್ದಿದ್ದೆ. ಇಷ್ಟೇ. ಆದರೆ ಚಪ್ಪರದ ತುಂಬ ಜನ. ಗಂಡಿನ ಕಡೆಯವರು ಬಂದಿದ್ದರು. "ಏನಿಲ್ಲ" ಎಂದು ವಾಪಸು ಬಂದೆ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎನ್ನುತ್ತಾರೆ. ಆಡದೆ ಉಳಿಸಿಕೊಂಡ ಮಾತಿನಿಂದ ಏನೇನು ಹೋಗುತ್ತದೆ ಎನ್ನುವುದಕ್ಕೆ ನಮ್ಮಲ್ಲಿ ಗಾದೆಯಿಲ್ಲ.

ನನ್ನ ಮದುವೆಯಾದ ಮೇಲೆ ಅತ್ತಿಗೆಯನ್ನು ಕೊತ್ತತ್ತಿಗೆ ಕಳಿಸಿದರು. ನಾನು ಮಳವಳ್ಳಿಯಲ್ಲಿ ಸುಖವಾಗಿಯೇ ಇದ್ದೆ. ಗಂಡ ಒಳ್ಳೆಯವನು, ಅತ್ತೆ ಬಾಯಿ ಜೋರಾದರೂ ಮನಸ್ಸು ಮೆತ್ತಗೆ. ಆದರೆ ಮೇಣದ ಬಳ್ಳಿ ಎನ್ನುವುದೇ ಇಲ್ಲದ ಆ ಮನೆಯಲ್ಲೂ ಕೆಲವು ಸಂಜೆ ದೀಪ ಹಚ್ಚುವಾಗ ಆ ವಾಸನೆ ಬರುತ್ತಿತ್ತು. "ಏನಾದ್ರೂ ಹೂ ಇಟ್ಟಿದ್ದೀರಾ ಅತ್ಯಮ್ಮ?" ಎಂದು ಕೇಳಿ ಬೈಸಿಕೊಂಡಿದ್ದೇನೆ. ಬಸುರಿಯ ಚಪಲ ಎಂದುಕೊಂಡರು.

ಬಾಣಂತನಕ್ಕೆ ಮಂಡ್ಯಕ್ಕೆ ಬಂದೆ. ಮಗು ಹುಟ್ಟಿ ಒಂದು ತಿಂಗಳಾಗಿತ್ತು. ಮತ್ತೆ ಬೇಸಿಗೆಯ ಕೊನೆ. ಒಂದು ಸಂಜೆ, ಇನ್ನೂ ಬೆಳಕಿರುವಾಗ, ಹಿತ್ತಲಿಂದ ವಾಸನೆ ಬಂತು. ಇದು ತಲೆಯೊಳಗಿನದಲ್ಲ, ನಿಜವಾದದ್ದು. ಎದ್ದು ಹೋದೆ. ಬಳ್ಳಿಯ ಹೊಸ ಮೈಯಲ್ಲೆಲ್ಲ ಗೊಂಚಲು ಗೊಂಚಲು. ಅವ್ವ ಮಡಿಲು ಕಟ್ಟಿಕೊಂಡು, ಅರಳಿದ್ದು ಮೊಗ್ಗು ಎನ್ನದೆ ಗಬಗಬನೆ ಹಿಚುಕಿ ಹಿಚುಕಿ ಕೀಳುತ್ತಿದ್ದಳು. ಕೈಯೆಲ್ಲ ಹಾಲು. ನನ್ನನ್ನು ಕಂಡು ನಿಂತಳು.

"ಓದ್ ವರ್ಸವೂ ನಾಕು ಗೊಂಚ್ಲು ಬುಟ್ಟಿತ್ತು" ಎಂದಳು. "ಕಿತ್ತಾಕ್ದೆ. ಯಾರ್ಗೂ ಯೋಳ್ಬ್ಯಾಡ ಕಣವ್ವ. ಅವ್ಳಿಗೆ ತಿಳೀಬಾರ್ದು. ಅವ್ನಿದ್ದಾನೆ ಅಂತ ಇದು ಈಗ ಯೋಳುದ್ರೆ, ನಾನ್ ಈ ಕೈನಲ್ಲಿ ಮಾಡಿದ್ನಲ್ಲ, ಅದ್ಕೇನ್ ಮಾಡ್ಲಿ?"

ಆಗಲಾದರೂ ನಾನು ಬಾಯಿ ಬಿಡಬಹುದಿತ್ತು. ಅವ್ವನ ಪಕ್ಕದಲ್ಲಿ ಕೂತು, ನಾನೂ ಎರಡು ಗೊಂಚಲು ಕಿತ್ತೆ.

ಯುದ್ಧ ಮುಗಿದು ಐದಾರು ತಿಂಗಳಿಗೆ ಒಂದು ಕಾರ್ಡು ಬಂತು. ಅಣ್ಣ ಜಪಾನಿನವರ ಸೆರೆಯಲ್ಲಿದ್ದನಂತೆ. ಹಡಗು ಇಳಿದು ಮದರಾಸಿನ ಆಸ್ಪತ್ರೆಯಲ್ಲಿದ್ದಾನೆ, ಬರುತ್ತಿದ್ದಾನೆ. ಅಪ್ಪ ಆ ಕಾರ್ಡು ಹಿಡಿದು ಗಾಡಿ ಕಟ್ಟಿಕೊಂಡು ತಾನೇ ಕೊತ್ತತ್ತಿಗೆ ಹೋದ. ನಾನು ಇದ್ದಿಲಿನ ಬಸ್ಸಿನಲ್ಲಿ, ಹೊಗೆಯಲ್ಲಿ ಕೆಮ್ಮುತ್ತಾ, ಮಗುವನ್ನು ಎತ್ತಿಕೊಂಡು ಮಳವಳ್ಳಿಯಿಂದ ಬಂದೆ. ಬರುವಷ್ಟರಲ್ಲಿ ಮನೆಯಲ್ಲಿ ಪಂಚಾಯಿತಿ ನಡೆಯುತ್ತಿತ್ತು. ಎಡೆ ಇಟ್ಟವನು ಮುಂಬಾಗಿಲಿಂದ ಒಳಗೆ ಬರುವಂತಿಲ್ಲ, ಹಿತ್ತಲಿಂದ ಬರಬೇಕು. ತಲೆಗೆ ಹಾಲು ನೀರು ಸುರಿದು, ಹುಟ್ಟಿದ ಮಗುವಿಗೆ ಮಾಡುವುದನ್ನೆಲ್ಲ ಮಾಡಿ, ಹೆಸರು ಕರೆದು, ಹೆಂಡತಿಗೆ ಮತ್ತೆ ತಾಳಿ ಕಟ್ಟಿಸಬೇಕು. ಹಿರಿಯರು ಹಾಗೆಂದರು, ಹಾಗೇ ಆಯಿತು.

ಅಣ್ಣ ಹಿತ್ತಲ ಬಾಗಿಲಲ್ಲಿ ನಿಂತಾಗ ನಾನು ಮೊದಲು ಗುರುತಿಸಲಿಲ್ಲ. ಮೂಳೆಯ ಮೇಲೆ ಚರ್ಮ, ಕೂದಲು ಬೆಳ್ಳಗೆ. ಮೂವತ್ತು ತುಂಬಿರಲಿಲ್ಲ. ಅವ್ವ ಅವನ ತಲೆಗೆ ಹಾಲು ಸುರಿಯುವಾಗ ಚೊಂಬು ಕೈಜಾರಿ ಬಿತ್ತು. ಬೂಬಮ್ಮ ಬಂದು ಅತ್ತಿಗೆಗೆ ಬಳೆ ತೊಡಿಸಿದಳು. ಎರಡೂವರೆ ವರ್ಷ ಕೊತ್ತತ್ತಿಯಲ್ಲೂ ಇಲ್ಲೂ ಬರೀ ದುಡಿಮೆ ಮಾಡಿ ಅವಳ ಕೈ ದಪ್ಪವಾಗಿತ್ತು, ಹಳೆಯ ಅಳತೆಯ ಬಳೆ ಹತ್ತಲಿಲ್ಲ. ಎರಡು ಬಳೆ ಒಡೆದವು. ಬೂಬಮ್ಮ ಅಳುತ್ತಾ ದೊಡ್ಡ ಅಳತೆಯವನ್ನು ಹುಡುಕಿದಳು.

ಮರುದಿನ ಅಣ್ಣ ಹಿತ್ತಲಲ್ಲಿ ಬಿಸಿಲಿಗೆ ಕೂತಿದ್ದ. ನಾನು ಮಗುವನ್ನು ಅವನಿಗೆ ತೋರಿಸುತ್ತಿದ್ದೆ. ಅತ್ತಿಗೆ ಅವನಿಗೆ ಗಂಜಿ ತಂದಳು. ಅವನ ಕಣ್ಣು ಬಳ್ಳಿಯ ಮೇಲೆ ಹೋಯಿತು. ಎದ್ದು, ಗೋಡೆ ಹಿಡಿದುಕೊಂಡು ಹತ್ತಿರ ಹೋಗಿ ಹಳೆಯ ಕಾಂಡವನ್ನು ಬೆರಳಲ್ಲಿ ಸವರಿದ.

"ಇದರ ಹಳೇ ತೊಟ್ಟೆಲ್ಲ ಯಾರು ಕುಯ್ದೋರು?" ಎಂದ. ಅತ್ತಿಗೆಯ ಕಡೆ ತಿರುಗಿದ. "ನಿಂಗೆ ಎಷ್ಟ್ ಸಲ ಯೋಳಿದ್ದೆ? ಹೂ ಉದುರಿದ್ರೂ ತೊಟ್ಟು ಮುಟ್ಬ್ಯಾಡ, ಬರೋ ವರ್ಸದ ಹೂ ಆ ತೊಟ್ಟಲ್ಲೇ ಬತ್ತದೆ, ಕುಯ್ದ್ರೆ ಒಂದೆರಡು ವರ್ಸ ಹೂವೇ ಇಲ್ಲ ಅಂತ ಯೋಳಿರ್ಲಿಲ್ವಾ?"

"ಯೋಳಿದ್ರಿ" ಎಂದಳು ಅತ್ತಿಗೆ. "ದನ ಬಾಯಾಕ್‌ಬುಡ್ತು."

ಗಂಜಿಯ ಪಾತ್ರೆಯನ್ನು ಅವನ ಪಕ್ಕದಲ್ಲಿ ಇಟ್ಟು ಅವಳು ಕೊಟ್ಟಿಗೆಯ ಕಡೆ ಹೋದಳು. ಅವಳಿಗೆ ಗೊತ್ತಿತ್ತು. ಬಳ್ಳಿ ಯಾಕೆ ಹೂ ಬಿಡಲಿಲ್ಲ ಎನ್ನುವುದು ಆ ಮನೆಯಲ್ಲಿ ಅವಳೊಬ್ಬಳಿಗೇ ಮೊದಲಿನಿಂದ ಗೊತ್ತಿತ್ತು. ಗೊತ್ತಿದ್ದೂ ಎಡೆಗೆ ಬಡಿಸಿದಳು, ಗೊತ್ತಿದ್ದೂ ಕಲ್ಲಿನ ಮುಂದೆ ಕೈ ಚಾಚಿದಳು. ಮಗುವನ್ನು ಅಣ್ಣನ ತೊಡೆಯ ಮೇಲೆ ಹಾಕಿ ಅವಳ ಹಿಂದೆ ಓಡಿದೆ.

ಅವಳು ಹಸುವಿಗೆ ಹುಲ್ಲು ಹಾಕುತ್ತಿದ್ದಳು.

"ಅತ್ತಿಗೆ, ಅದನ್ನ ಕುಯ್ದೋಳು ನಾನು" ಎಂದೆ.

"ಗೊತ್ತು. ಇಲ್ಲೇ ಇದ್ನಲ್ಲ ಅವತ್ತು, ಸಗಣಿ ಬಾಚ್ತಾ. ತಲೆ ಎತ್ತಿ ನೋಡೋ ಅಷ್ಟೊತ್ಗೆ ಮುಗ್ಸಿದ್ದೆ ನೀನು."

"ಮತ್ಯಾಕೆ ಯೋಳ್ಲಿಲ್ಲ? ಅವ್ವಂಗೆ ಒಂದ್ ಮಾತು ಯೋಳಿದ್ರೆ..."

"ಯೋಳಿದ್ರೆ ಏನಾಯ್ತಿತ್ತು? ಅಣ್ಣನ ಆಯಸ್ಸು ಕುಯ್ದೋಳು ಅಂತ ನಿಂಗೆ ಎಸ್ರು ಬತ್ತಿತ್ತು. ಮದ್ವೆ ಆಗ್ದಿರೋ ಎಣ್ಮಗು. ಯಾರು ಬತ್ತಿದ್ರು ಆಮ್ಯಾಕೆ ನಿಮ್ಮನೆ ಬಾಗ್ಲಿಗೆ?"

ನಾನು ಅವಳ ಕಾಲು ಹಿಡಿಯಲು ಬಗ್ಗಿದೆ. ಅವಳು ಹಿಂದೆ ಸರಿದಳು. ಹೊಸ ಬಳೆಗಳು ಸದ್ದು ಮಾಡಿದವು. ಆ ಸದ್ದಿಗೆ ಅವಳೇ ಬೆಚ್ಚಿದಳು.

"ಅದೊಂದೇ ಅಂತ ತಿಳ್ಕೊಬ್ಯಾಡ" ಎಂದಳು. ದನಿ ಏರಲಿಲ್ಲ, ಇಳಿಯಲೂ ಇಲ್ಲ. "ನಾನು ಯೋಳಬಾರ್ದು, ನೀನು ಯೋಳ್ಬೇಕು ಅಂತಿತ್ತು ನಂಗೆ. ಎಡೆ ದಿನ ಯೋಳ್ತೀಯ ಅಂದ್ಕೊಂಡೆ. ಬಳೆ ತೆಗ್ಸೋವಾಗ ಯೋಳ್ತೀಯ ಅಂದ್ಕೊಂಡೆ. ಅರಿಶಿನದ ದಿನ ಬಾಗ್ಲವರ್ಗೂ ಬಂದ್ಯಲ್ಲ, ಆಗ ಒನಕೆ ನಿಲ್ಸಿ ಕೇಳ್ದೆ. ನೀನು ಏನಿಲ್ಲ ಅಂದೆ. ಅವ್ರು ಇದ್ರೆ ಬತ್ತಾರೆ, ಇಲ್ದಿದ್ರೆ ಇಲ್ಲ, ಅದು ನನ್ ಕೈಲಿರ್ಲಿಲ್ಲ. ಇಷ್ಟ್ ದಿನ ನಾನ್ ಕಾಯ್ತಿದ್ದಿದ್ದು ನಿನ್ನ ಕಣಮ್ಮಿ."

ಉಳಿದ ಹುಲ್ಲನ್ನು ಗೊಂತಿಗೆ ಹಾಕಿ, ಕೈ ಒದರಿಕೊಂಡು, ಗಂಜಿ ಆರಿಹೋಗುತ್ತದೆಂದು ಅವಳು ಅಣ್ಣನ ಹತ್ತಿರ ಹೋದಳು.